ಲಿಂಡಾಳ ಕೂಸಿಗೊಂದು ಕುಲಾವಿ

ಇವತ್ತು ಬೆಳಿಗ್ಗೆ ಅಜವಾನ ಹುರಿಯುತ್ತಿದ್ದೆ. ಅಡುಗೆಮನೆ ತುಂಬ ಬಾಣಂತಿ ಕೋಣೆಯ ವಾಸನೆ. ನಿಮಗೂ ಹೀಗಾಗುತ್ತದೋ ಏನೋ, ನನಗೆ ವಾಸನೆಯ ಹಿಂದೆಯೇ ಒಂದು ಮನೆ ಬಂದು ನಿಲ್ಲುತ್ತದೆ. ಈ ಸಲ ಬಂದದ್ದು ಎಂಬತ್ತರ ದಶಕದಲ್ಲಿ ನಾವಿದ್ದ ಅಮೆರಿಕದ ರ್ಯಾಂಚೊ ಪೆನಾಸ್ಕಿಟೋಸ್ ಊರಿನ ಮನೆ, ಪಕ್ಕದ ಮನೆಯ ಲಿಂಡಾ.

ಲಿಂಡಾ ಚೊಚ್ಚಲ ಬಸುರಿ. ಅವಳೂ ಗಂಡನೂ ಸೇರಿದ್ದ ಪುಟ್ಟ ಪ್ರಾರ್ಥನಾ ಗುಂಪು, ಮಾರ್ಚ್‌ನ ಒಂದು ಭಾನುವಾರ ಲೋಕ ಮುಗಿಯುತ್ತದೆಂದು ನಂಬಿತ್ತು. ಹತ್ತಾರು ಮನೆಯವರು. ಒಬ್ಬರು ಕೆಲಸ ಬಿಟ್ಟರು, ಇನ್ನೊಬ್ಬರು ಹಲ್ಲುನೋವಿಗೆ ಡಾಕ್ಟರ ಬಳಿ ಹೋಗುವುದನ್ನೇ ಬಿಟ್ಟರು. ಲಿಂಡಾಳ ಹೆರಿಗೆ ಮೇ ತಿಂಗಳಿಗೆ. ಕೂಸಿಗೆಂದು ಒಂದು ಬಟ್ಟೆಯನ್ನೂ ಕೊಂಡಿರಲಿಲ್ಲ. ಕೇಳಿದರೆ ಹೊಟ್ಟೆಯ ಮೇಲೆ ಕೈಯಿಟ್ಟು ನಗುತ್ತಿದ್ದಳು. ಆ ನಗು ನನ್ನನ್ನು ಹೆದರಿಸುತ್ತಿತ್ತು.

ನಾನು ಮೈಸೂರಿನಲ್ಲಿ ಫಿಸಿಕ್ಸ್ ಓದಿದವಳು. ವಾದ ಮಾಡಿ ಅವಳ ಭ್ರಮೆ ಬಿಡಿಸುತ್ತೇನೆಂದು ಹೋಗಿ, ಕಾಫಿ ಕುಡಿದು ವಾಪಸ್ಸು ಬಂದೆ. ಧಾರವಾಡದಿಂದ ಬಂದಿದ್ದ ನಮ್ಮ ಅತ್ತೆ ಮಾತ್ರ ನನ್ನ ಹಳೆಯ ಸೀರೆ ಕತ್ತರಿಸಿ ಕುಲಾವಿ ಹೊಲಿಯಲು ಕೂತರು. ಆ ಜನರ ನಂಬಿಕೆ ಏನೆಂದು ಅವರಿಗೆ ಮತ್ತೊಮ್ಮೆ ಬಿಡಿಸಿ ಹೇಳಿದೆ.

“ಲೋಕ ಮುಳುಗಿದ್ರ ಕುಲಾವಿ ವ್ಯರ್ಥ ಆಗ್ತದವಾ,” ಎಂದರು. “ಮುಳುಗ್ಲಿಲ್ಲ ಅಂದ್ರ ಕೂಸಿಗೆ ಥಂಡಿ ಆಗ್ತದ. ಹೊಲಿಯೋದ ಛಲೋ.”

ಆ ಭಾನುವಾರ ಗುಂಪಿನವರೆಲ್ಲ ಲಿಂಡಾಳ ಮನೆಯಲ್ಲಿ ಸೇರಿ ಹಾಡುತ್ತಿದ್ದರು. ಯಾರಿಗೂ ಹೇಳಬೇಡಿ, ಇತ್ತ ನಾನೂ, ಎಲ್ಲಿ ನಿಜವಾಗಿಬಿಡುತ್ತದೋ ಎಂದು, ಬಾತ್‌ಟಬ್ ತುಂಬ ನೀರು ಹಿಡಿದಿಟ್ಟಿದ್ದೆ. ಹೊತ್ತು ಮುಳುಗಿತು, ಹಾಡು ನಿಂತಿತು. ಒಬ್ಬರ ಮುಖ ಒಬ್ಬರು ನೋಡದೆ ಕಾರು ಹತ್ತಿ ಹೋದರು.

ಮರುದಿನ ಲಿಂಡಾ ಬಾಗಿಲ ಮೆಟ್ಟಿಲ ಮೇಲೆ ಕೂತಿದ್ದಳು. ನಾನು ಕಿಟಕಿಯಲ್ಲೇ ನಿಂತೆ. ಅತ್ತೆ ಹೋಗಿ ಕುಲಾವಿಯನ್ನು ಅವಳ ಕೈಗಿಟ್ಟರು. ಅವಳು ಅದನ್ನು ತನ್ನ ಮುಷ್ಟಿಗೆ ತೊಡಿಸಿ ನೋಡಿದಳು.

“ತಲೆ ಇಷ್ಟೇ ಚಿಕ್ಕದಿರುತ್ತದಾ?” ಎಂದು ಇಂಗ್ಲಿಷಿನಲ್ಲಿ ಕೇಳಿದಳು.

ಇಂಗ್ಲಿಷ್ ಬಾರದ ಅತ್ತೆ ಹೂಂಗುಟ್ಟಿ ಪಕ್ಕದಲ್ಲೇ ಕೂತರು. ಲಿಂಡಾ ಅವರ ಹೆಗಲಿಗೊರಗಿ ಬಹಳ ಹೊತ್ತು ಅತ್ತಳು.

ಗುಂಪಿನ ಒಂದೆರಡು ಸಂಸಾರ ನಾಚಿಕೆಯಿಂದ ಊರೇ ಬಿಟ್ಟವು. ಉಳಿದವರು ಒಬ್ಬೊಬ್ಬರಾಗಿ ಮತ್ತೆ ಬರತೊಡಗಿದರು, ಪ್ರಾರ್ಥನೆಗಲ್ಲ, ಒಂದು ತೊಟ್ಟಿಲು ಹೊತ್ತುಕೊಂಡು, ಹಳೆಯ ಫ್ರಾಕು ಹಿಡಿದುಕೊಂಡು. ಕೆಲಸ ಬಿಟ್ಟಿದ್ದಾತ ತೊಟ್ಟಿಲು ಜೋಡಿಸಿದ. ಯಾವ ಸ್ಕ್ರೂ ಎಲ್ಲಿಗೆಂದು ಉಳಿದವರೆಲ್ಲ ಸುತ್ತ ನಿಂತು ಜಗಳವಾಡಿದರು. ಅಷ್ಟು ಖುಷಿಯ ಜಗಳವನ್ನು ನಾನು ಕೇಳಿರಲಿಲ್ಲ. ಮೇ ತಿಂಗಳಲ್ಲಿ ಹೆಣ್ಣು ಹುಟ್ಟಿತು. ಅತ್ತೆ ಮಾಡಿಕೊಟ್ಟ ಅಜವಾನದ ಕಷಾಯವನ್ನು ಲಿಂಡಾ ಮೂಗು ಹಿಡಿದು ಕುಡಿದಳು.

ಇವತ್ತು ಒಲೆ ಆರಿಸಿ ಲಿಂಡಾಳಿಗೆ ಫೋನ್ ಮಾಡಿದೆ. ಮಗಳ ಜೊತೆ ಎಲ್ಲಿಗೋ ಹೊರಟಿದ್ದಳು, ಸಂಜೆ ಮಾತಾಡೋಣ ಎಂದಳು. ಆಗಲಿ ಎಂದೆ. ಫೋನಿಟ್ಟ ಮೇಲೆ ಹೊಳೆಯಿತು: ಸಂಜೆ ಬಂದೇ ಬರುತ್ತದೆಂದು ಇಬ್ಬರೂ ಎಷ್ಟು ಸಲೀಸಾಗಿ ನಂಬಿಬಿಟ್ಟೆವು! ಒಬ್ಬಳೇ ನಿಂತು ನಕ್ಕೆ.