ದಾರಿ ತೋರಿಸಿದವನು
ಕೌಲ್ ಬಜಾರಿನ ನಮ್ಮ ಟಾಕೀಸಿಗೆ ಇಂಗ್ಲಿಷ್ ಪಿಚ್ಚರ್ ಬಂದರೆ ನೆಲದ ಮೇಲೆ ಕೂತವರಿಗೆಲ್ಲ ಗೇಟ್‌ಕೀಪರ್ ಗಾದಿಲಿಂಗಪ್ಪನೇ ಪಂಡಿತ. ಒಂದಕ್ಷರ ಇಂಗ್ಲಿಷ್ ಬಾರದಿದ್ದರೂ ಬ್ಯಾಟರಿ ಬೀಸುತ್ತ, ಕುದುರೆ ಕೆನೆದರೂ ಅದಕ್ಕೊಂದು ಅರ್ಥ ಹೇಳುತ್ತಿದ್ದ. ಅರವತ್ತೆಂಟರಲ್ಲಿ ಇಂಕಾ ಜನರ ನಿಧಿಯ ಪಿಚ್ಚರ್ ಬಂದಾಗ ಮಾತ್ರ, ಇಂಕಾದವನೊಬ್ಬ ಬಂಗಾರದಾಸೆಗೆ ಪರದೇಶಿಗಳಿಗೆ ತಮ್ಮ ಗುಡಿಯ ದಾರಿ ತೋರಿಸುವ ಹೊತ್ತಿಗೆ ದಿನಾ ಹೊರಗೆ ಹೋಗಿ ಬೀಡಿ ಹಚ್ಚುತ್ತಿದ್ದ. "ಮುಂದೇನಾತೋ ಗಾದಿಲಿಂಗಪ್ಪಾ?" ಎಂದು ಒಳಗಿನಿಂದ ಕೂಗಿದರೆ, "ದಾರಿ ತೋರಿಸ್ಯಾನ, ಇನ್ನೇನು ಉಳೀತೈತಿ?" ಎನ್ನುತ್ತಿದ್ದ. ಕೊನೆಯ ದಿನ ಬೀಡಿ ಸೇದುತ್ತಿದ್ದವನ ಹತ್ತಿರ ಹೋಗಿ ನಾನೇ ಕೇಳಿದೆ. "ಕುರುಗೋಡು ಗುಡ್ಡದಾಗ ನಮ್ಮ ಮನಿದೇವ್ರು ಇತ್ರಿ, ಕಲ್ಲಿನ ಬಸವಣ್ಣ. ನಿಧಿ ಹುಡುಕೋರಿಗೆ ನಾನಽ ತೋರಿಸಿದೆ. ಬಸವಣ್ಣನ ಹೊಟ್ಟಿ ಒಡೆದ್ರು. ಅವತ್ತಽ ಊರು ಬಿಟ್ಟೆ" ಎಂದ. "ಏನು ಸಿಕ್ಕಿತು?" ಎಂದೆ. "ಒಳಗೂ ಕಲ್ಲಽ ಇತ್ರಿ."