ಹಾರದ ಮೊಳೆ

ಹೋದ ಭಾನುವಾರ ಅಮ್ಮನ ಟ್ರಂಕಿನ ಮುಚ್ಚಳ ತೆರೆದದ್ದೇ ತಡ, ವಾರ್ನಿಷ್ ವಾಸನೆ ನಮ್ಮ ಜೆ.ಪಿ. ನಗರದ ಫ್ಲಾಟನ್ನೆಲ್ಲ ತುಂಬಿಕೊಂಡಿತು. ಅದು ತಾತನ ವಾಸನೆ. ಸಾರಕ್ಕಿಯ ನಮ್ಮ ಹೆಂಚಿನ ಮನೆಯ ಮುಂದಿನ ಕೋಣೆಯೇ ಅವರ ಫೋಟೋ ಫ್ರೇಮಿನ ಅಂಗಡಿ. ಅಭಿಮಾನಿ ಸಂಘದವರು ತಂದುಕೊಟ್ಟ ಮೀಸೆ ಹೀರೋ, ನಾಲಿಗೆ ಕಚ್ಚಿಕೊಂಡು ಚೆಂಡು ತಿರುಗಿಸುವ ಸ್ಪಿನ್ನರ್, ಕೈಮುಗಿಯಲೂ ನಾಚುವಂತಿದ್ದ ಮಂತ್ರಿ, ಎಲ್ಲರೂ ಗೋಡೆಗೊರಗಿ ನಾನು ಉಣ್ಣುವುದನ್ನು ನೋಡುತ್ತಿದ್ದರು. ಅವರು ನಮ್ಮ ನೆಂಟರಲ್ಲ ಎಂದು ತಿಳಿದದ್ದು ಶಾಲೆಗೆ ಸೇರಿದ ಮೇಲೆ. ತಿಳಿದ ದಿನ ಅತ್ತಿದ್ದೆ.

ಸತ್ತವರ ಫ್ರೇಮಿನ ಮೇಲಂಚಿಗೆ, ಗಂಧದ ಹಾರ ಸಿಕ್ಕಿಸಲೆಂದು, ತಾತ ಎರಡು ಹಿತ್ತಾಳೆ ಮೊಳೆ ಹೊಡೆಯುತ್ತಿದ್ದರು. “ಬದುಕಿರೋರಿಗೆ ಹೊಡೀಬಾರ್ದು ಪುಟ್ಟಿ,” ಎನ್ನುತ್ತಿದ್ದರು. ಆದರೂ ಒಮ್ಮೆ ಹೀರೋನ ಫ್ರೇಮಿಗೆ ಹೊಡೆದುಬಿಟ್ಟಿದ್ದರು. ಸಂಘದವರು “ಏನ್ ತಾತ, ನಮ್ ಬಾಸ್ ಇನ್ನೂ ಶೂಟಿಂಗಲ್ಲಿದಾರೆ!” ಎಂದು ರೇಗಾಡಿ, ಫ್ರೇಮನ್ನು ಅಲ್ಲೇ ಬಿಟ್ಟು ಹೋದರು. ಎಂಟೇ ದಿನಕ್ಕೆ ಅವರೇ ತಲೆ ತಗ್ಗಿಸಿಕೊಂಡು ಬಂದು ಅದನ್ನೇ ಕೇಳಿ ಒಯ್ದರು. ಆಮೇಲೆ ಸ್ಪಿನ್ನರ್. ಆಮೇಲೆ ಮಂತ್ರಿ. ಯಾವಾಗ ಹೊಡೆದೆನೆಂದು ತಾತನಿಗೇ ನೆನಪಿರುತ್ತಿರಲಿಲ್ಲ. ಕ್ರಮೇಣ ಗಿರಾಕಿಗಳು ಫ್ರೇಮ್ ಒಯ್ಯುವ ಮೊದಲು ಮೇಲಂಚನ್ನು ಬೆರಳಿನಿಂದ ಸವರಿ ನೋಡತೊಡಗಿದರು. ನನಗೂ ಅದೇ ಚಟ ಹತ್ತಿತು.

ಎರಡನೇ ಕ್ಲಾಸಿನಲ್ಲಿದ್ದಾಗ ನನಗೆ ಟೈಫಾಯ್ಡ್ ಬಂತು. ಅದೇ ವಾರ ತಾತ ನನ್ನ ಸ್ಕೂಲ್ ಫೋಟೋಗೆ ಫ್ರೇಮ್ ಹಾಕಿದ್ದರು. ಚಾಪೆಯ ಮೇಲೆ ಮಲಗಿದ್ದ ನನಗೆ ಅಂಗಡಿಯಿಂದ ಅಜ್ಜಿ ಚೀರಿದ್ದು ಕೇಳಿಸಿತು: “ಅಯ್ಯೋ, ಏನ್ ಮಾಡಿಬಿಟ್ರೀ, ಮಗೂಗೆ!” ಇಕ್ಕಳ ಎರಡು ಸಲ ಕಿರುಗುಟ್ಟಿತು. ಸ್ವಲ್ಪ ಹೊತ್ತಿನ ಮೇಲೆ ಸುತ್ತಿಗೆಯ ಸದ್ದು, ತೀರಾ ಮೆಲ್ಲಗೆ. ಮರುದಿನದಿಂದ ನನ್ನ ಜ್ವರ ಇಳಿಯಿತು. ಹದಿನೈದು ದಿನಕ್ಕೆ ತಾತ, ಕೆಲಸದ ಮೇಜಿನ ಮೇಲೆ ತಲೆಯಿಟ್ಟು ಮಲಗಿದವರು, ಏಳಲೇ ಇಲ್ಲ.

ಟ್ರಂಕಿನಲ್ಲಿ ತಾತನದು, ನನ್ನದು, ಎರಡೂ ಫ್ರೇಮುಗಳಿದ್ದವು. ತಾತನ ಫ್ರೇಮಿನ ಮೇಲಂಚಿನಲ್ಲಿ ಇಕ್ಕಳ ಹಿಡಿದು ಕಿತ್ತು ಸೊಟ್ಟಗಾದ ಎರಡು ಮೊಳೆಗಳು. “ಹಾರ ಹಾಕಕ್ಕೆ ಅಂತ ನಿಮ್ಮಪ್ಪ ಹೊಸ ಮೊಳೆ ತಗೊಂಡ್ ಹೋದ್ರು ಕಣೇ,” ಎಂದರು ಅಮ್ಮ. “ಆಗ್ಲೇ ಇವೆರಡೂ ಇದ್ವು. ನಾವ್ಯಾರೂ ಹೊಡೆದಿರಲಿಲ್ಲ.”

ಸಾರಕ್ಕಿಯ ಆ ಮನೆ ಇದ್ದಲ್ಲಿ ಈಗ ಚಪ್ಪಲಿ ಶೋರೂಮಿದೆ. ಗೋಡೆಗೊರಗಿ ನಿಂತಿದ್ದ ನನ್ನ ನೆಂಟರೆಲ್ಲ ಎಲ್ಲಿ ಹೋದರೋ ತಿಳಿಯದು. ಹಳೆಯ ಚಟದಂತೆ ನನ್ನ ಫ್ರೇಮಿನ ಮೇಲಂಚನ್ನು ಸವರಿದೆ. ಎರಡು ತೂತುಗಳು, ಮೇಣ ಒತ್ತಿ ಮುಚ್ಚಿದಂಥವು. ಆ ಮೇಣದಲ್ಲಿ ತಾತನ ಹೆಬ್ಬೆರಳಿನ ಗೆರೆಗಳು ಹಾಗೇ ಇದ್ದವು. ಅದರ ಮೇಲೆ ನನ್ನ ಹೆಬ್ಬೆರಳಿಟ್ಟು ಬಹಳ ಹೊತ್ತು ಅತ್ತೆ.