ಒಂಬತ್ತು ದಿನದ ವಾರ

ಇಪ್ಪತ್ತು ವರ್ಷದಿಂದ ಕ್ಯಾಲೆಂಡರ್ ಮಾಡಿಸಿಕೊಡುವ ವ್ಯಾಪಾರ ನನ್ನದು. ಸಿರುಗುಪ್ಪದ ಅಕ್ಕಿ ಗಿರಣಿ, ಕುರುಗೋಡಿನ ಗೊಬ್ಬರದ ಅಂಗಡಿ, ಬಳ್ಳಾರಿಯ ಬಟ್ಟೆ ಅಂಗಡಿ, ಎಲ್ಲರ ಗೋಡೆಗೂ ಹೊಸ ವರ್ಷವನ್ನು ಬ್ಯಾಗಿನಲ್ಲಿ ಹೊತ್ತು ತಂದವನು ನಾನು. ಒಂದು ಮಾತು ಹೇಳುತ್ತೇನೆ, ಕ್ಯಾಲೆಂಡರ್ ಆರಿಸುವಾಗ ದೇವರ ಚಿತ್ರ ನೋಡಬೇಡಿ, ಮೇಲಿನ ತಗಡಿನ ಪಟ್ಟಿ ಎಳೆದು ನೋಡಿ. ಆಮೇಲೆ ಅಮಾವಾಸ್ಯೆಯ ಕಪ್ಪು ಬೊಟ್ಟು ನೋಡಿ. ನಮ್ಮ ಕಡೆ ಅಂಗಡಿಯವರು ಅಮಾವಾಸ್ಯೆ ಪೂಜೆ ತಪ್ಪಿಸುವುದಿಲ್ಲ. ಬೊಟ್ಟು ಸಣ್ಣದಾದರೆ ಮುಂದಿನ ವರ್ಷದ ಆರ್ಡರ್ ಬೇರೆಯವನ ಪಾಲು.

ಇಷ್ಟೆಲ್ಲ ತಿಳಿದವನ ಮನೆಯಲ್ಲಿ, ಏಳನೇ ಕ್ಲಾಸು ಓದುವ ಮಗಳು ಒಂದು ಕ್ಯಾಲೆಂಡರ್ ಮಾಡಿದಳು. ನನಗೆ ತೋರಿಸಲಿಲ್ಲ.

ತೋರಿಸಿದ್ದು ಅವಳ ಸೋದರಮಾವನಿಗೆ. ನನ್ನ ಹೆಂಡತಿಯ ತಮ್ಮ, ಕುರುಗೋಡಿನಲ್ಲಿ ಶಾಲಾ ಮಾಸ್ತರ. ಭಾನುವಾರ ಬಂತೆಂದರೆ ಬಳ್ಳಾರಿಯ ಪಾರ್ವತಿನಗರದ ನಮ್ಮ ಮನೆಗೆ ಹಾಜರು. ಅವನ ಬೈಕಿನ ಸದ್ದಿಗೆ ಮಗಳು ಗೇಟಿನವರೆಗೆ ಓಡುತ್ತಾಳೆ. ನಾನು ದಿನವಿಡೀ ಊರೂರು ತಿರುಗಿ ಬಂದರೆ, ಟಿವಿಯಿಂದ ಕಣ್ಣು ತೆಗೆಯದೆ ಕಾಲು ಮಾತ್ರ ಸರಿಸಿ ದಾರಿ ಬಿಡುತ್ತಾಳೆ.

ಅವನೊಮ್ಮೆ ಅವಳನ್ನು ಸಂಗನಕಲ್ಲಿನ ಗುಡ್ಡಕ್ಕೆ ಕರೆದೊಯ್ದಿದ್ದ. ಅಲ್ಲಿನ ಕೆಲವು ಬಂಡೆಗಳನ್ನು ಕಲ್ಲಿನಿಂದ ಬಡಿದರೆ ಗಂಟೆಯಂತೆ ನಾದ ಹೊರಡುತ್ತದೆ. ಅದನ್ನು ಕೇಳಿ ಬಂದ ಮೇಲೆ ಅವಳ ನೋಟ್‌ಬುಕ್ಕಿನಲ್ಲಿ ಒಂದು ಜಗತ್ತು ಹುಟ್ಟಿತು. ಅಲ್ಲಿಯ ಜನ ದಿನಕ್ಕೊಂದು ಬಂಡೆ ಬಡಿಯುತ್ತಾರೆ. ಬಂಡೆಗಳು ಒಂಬತ್ತು, ಹಾಗಾಗಿ ವಾರಕ್ಕೆ ಒಂಬತ್ತು ದಿನ. ಆಕಾಶದಲ್ಲಿ ಎರಡು ಚಂದ್ರ. ತಿಂಗಳ ಹೆಸರುಗಳು ಅವಳ ಅಜ್ಜಿಯ ಊರು ದೇಶನೂರಿನ ಗದ್ದೆಯಿಂದ ಬಂದವು: ಕಾಲುವೆಗೆ ನೀರು ಬರುವ ತಿಂಗಳು ‘ನೀರಬಿಡು’, ನಾಟಿಯದು ‘ಕೆಸರಗಾಲು’, ಕೊಕ್ಕರೆಗಳು ಇಳಿಯುವುದು ‘ಬಿಳಿರೆಕ್ಕೆ’.

ಇದೆಲ್ಲ ನನಗೆ ಗೊತ್ತಾದದ್ದು ಅವಳು ಶಾಲೆಗೆ ಹೋದಾಗ ನೋಟ್‌ಬುಕ್ ಕದ್ದು ಓದಿ. ಸುಳ್ಳು ಯಾಕೆ ಹೇಳಲಿ. ಪುಟಗಳ ಅಂಚಿನಲ್ಲಿ ‘ಮಾಮ ಹೌದಂದ’, ‘ಮಾಮಗ ಇದು ಸೇರ್ತು’ ಎಂದು ಬರೆದಿತ್ತು. ಈ ಮೂರು ಊರಿನಲ್ಲಿ ಕ್ಯಾಲೆಂಡರ್ ಎಂದರೆ ನಾನು. ನನ್ನ ಮನೆಯ ಕ್ಯಾಲೆಂಡರಿಗೆ ಹೌದೆನ್ನಲು ಅವನ್ಯಾರು?

ಮುಂದಿನ ಭಾನುವಾರ ಊಟಕ್ಕೆ ಕೂತಾಗ ತಡೆಯಲಾಗಲಿಲ್ಲ.

“ಎರಡು ಚಂದ್ರ ಅಂದ್ರ ಎರಡು ಅಮಾಸಿ ಆತಲ್ಲ,” ಎಂದೆ. “ಪಾಪ, ಅಂಗಡ್ಯಾರು ತಿಂಗಳಿಗೆ ಎಷ್ಟು ಸಲ ಪೂಜಿ ಮಾಡಬೇಕು? ಒಂದು ಚಂದ್ರ ತಗದಬಿಡು.”

ಮಗಳು ರೊಟ್ಟಿ ಮುರಿಯುವುದನ್ನು ನಿಲ್ಲಿಸಿದಳು. “ನನ್ನ ನೋಟ್‌ಬುಕ್ ಓದೀಯೇನಪ್ಪ?”

“ಓದಿದ್ರ ಏನಾತು? ವಾರಕ್ಕ ಒಂಬತ್ತು ದಿನ ಭಾಳ ಆತು. ಜನಕ್ಕ ರೂಢಿ ಇರೋದು ಏಳು. ನಿಂದೂ ಬ್ಯಾಡ, ನಂದೂ ಬ್ಯಾಡ, ಎಂಟಕ್ಕ ಮುಗಸು.”

“ಅದೇನು ಟೊಮ್ಯಾಟೊ ಏನ್ರಿ ಬಾವ, ಚೌಕಾಸಿ ಮಾಡಾಕ?” ಎಂದ ಮಾಸ್ತರ.

ಹೆಂಡತಿ ನಕ್ಕಳು. ಅವಳಿಗಿಂತ ಜೋರಾಗಿ ಮಗಳು ನಕ್ಕಳು.

ಅವನ ಹತ್ತಿರ ಇಲ್ಲದ್ದು ನನ್ನ ಹತ್ತಿರ ಏನಿದೆ ಎಂದು ಯೋಚಿಸಿದೆ. ಪ್ರೆಸ್ಸಿನ ಪರಿಚಯ. ನೋಟ್‌ಬುಕ್ಕಿನ ಪುಟಗಳ ಫೋಟೊ ಫೋನಿನಲ್ಲಿ ಹಿಡಿದುಕೊಂಡು, ನಾನು ಮಾಮೂಲಾಗಿ ಕೆಲಸ ಕೊಡುವ ಪ್ರೆಸ್ಸಿಗೆ ಹೋದೆ. ಕಂಪ್ಯೂಟರಿನ ಮುಂದೆ ಕೂತಿದ್ದ ಹೆಣ್ಣುಮಗಳು ಹೇಳಿದಳು: “ನಮ್ಮ ಕ್ಯಾಲೆಂಡರ್ ನಮೂನಿಯಾಗ ಸಾಲಿಗೆ ಏಳೇ ಮನಿ ಅದಾವ್ರಿ. ಒಂಬತ್ತು ಬೇಕಂದ್ರ ಎಲ್ಲಾ ಹೊಸದಾಗಿ ಕಟ್ಟಬೇಕು.”

“ಏಳರಾಗ ಕುಂದ್ರಸಮ್ಮ, ಅಡ್ಜಸ್ಟ್ ಆಗತೈತಿ,” ಎಂದೆ.

ಕೈಗೆ ರೂಢಿಯಾದ ಕೆಲಸ ತನ್ನಷ್ಟಕ್ಕೆ ನಡೆದುಹೋಯಿತು. ಭಾನುವಾರಕ್ಕೆ ಕೆಂಪು, ಅಮಾವಾಸ್ಯೆಗೆ ದಪ್ಪ ಬೊಟ್ಟು, ಮೇಲೆ ಗಟ್ಟಿ ತಗಡಿನ ಪಟ್ಟಿ. ಕೆಳಗೆ ಖಾಲಿ ಜಾಗ ಉಳಿದಿತ್ತು, ಅಲ್ಲಿ ನನ್ನ ವ್ಯಾಪಾರದ ಹೆಸರು, ಫೋನ್ ನಂಬರು. ಖಾಲಿ ಜಾಗ ಬಿಡುವುದು ನನ್ನ ಜಾಯಮಾನದಲ್ಲೇ ಇಲ್ಲ.

ಅಚ್ಚಾದ ಕ್ಯಾಲೆಂಡರ್ ಗುರುವಾರವೇ ಕೈಗೆ ಬಂದಿತ್ತು. ಭಾನುವಾರದವರೆಗೆ ಅಡಗಿಸಿಟ್ಟೆ, ಮಾಸ್ತರ ಬಂದು ನೋಡಲಿ ಎಂದು. ಅವನು ಚಹಾ ಕುಡಿಯುತ್ತಿದ್ದಾಗ ಎದುರಿನ ಮೊಳೆಗೆ ತೂಗುಹಾಕಿದೆ.

ಮಗಳು ಹತ್ತಿರ ಬಂದಳು. ‘ನೀರಬಿಡು’ ಎಂಬ ಅಚ್ಚಿನ ಅಕ್ಷರದ ಮೇಲೆ ಬೆರಳಾಡಿಸಿದಳು. ಆ ಒಂದು ಗಳಿಗೆ ನಾನು ಗೆದ್ದೆ ಅಂದುಕೊಂಡೆ. ಬೆರಳು ಕೆಂಪು ಸಾಲಿಗೆ ಬಂದು ನಿಂತಿತು.

“ನಮ್ಮಲ್ಲಿ ಭಾನುವಾರ ಇಲ್ಲ,” ಎಂದಳು. ಕೆಳಗಿನ ಫೋನ್ ನಂಬರು ಓದಿದಳು. “ಇದು ನಿನ್ನ ಅಂಗಡಿ ಕ್ಯಾಲೆಂಡರಪ್ಪ.”

ಒಳಗೆ ಹೋಗಿ ನೋಟ್‌ಬುಕ್ಕನ್ನು ಅಮ್ಮನ ಬೀರುವಿನಲ್ಲಿಟ್ಟು ಬೀಗ ಹಾಕಿಸಿದಳು. ಮಾಸ್ತರ ನಗಲಿಲ್ಲ. ನಕ್ಕಿದ್ದರೆ ಜಗಳವಾಡಿ ಹಗುರಾಗಬಹುದಿತ್ತು.

ಆಮೇಲೆ ಎರಡು ಭಾನುವಾರ ಅವಳು ಆ ಜಗತ್ತಿನ ಸುದ್ದಿಯನ್ನು ನಾನಿರುವಾಗ ಮಾವನ ಜೊತೆಗೂ ಎತ್ತಲಿಲ್ಲ. ನಾನು ಹೊರಗೆ ಹೋದರೆ ಮಾತು ಶುರುವಾಗುತ್ತಿತ್ತು. ಚಪ್ಪಲಿ ಹಾಕಿಕೊಳ್ಳುವ ನೆಪದಲ್ಲಿ ಬಾಗಿಲಾಚೆ ನಿಂತು ಕೇಳಿಸಿಕೊಂಡಿದ್ದೇನೆ.

ಕೊನೆಗೆ ಕುರುಗೋಡಿಗೆ ಆರ್ಡರಿಗೆಂದು ಹೋದವನು, ಮಧ್ಯಾಹ್ನದ ಬಿಡುವಿನಲ್ಲಿ ಅವನ ಶಾಲೆಯ ಗೇಟಿಗೆ ಹೋದೆ.

“ಏನಪಾ ಮಾಸ್ತರ, ಏನು ಕೊಟ್ಟು ಒಲಿಸಿಕೊಂಡಿ ಆಕಿನ್ನ?”

“ಏನೂ ಕೊಟ್ಟಿಲ್ಲ ಬಾವ. ನಿಮ್ಮ ಕಡಿ ಇವತ್ತು ಯಾವ ದಿನ ಅಂತ ಕೇಳ್ತೀನಿ. ಆಕಿ ಹೇಳ್ತಾಳ.”

“ಅಷ್ಟನಾ?”

“ಅಷ್ಟ. ನೀವು ಕೇಳೋಕಿಂತ ಮೊದಲೇ ರೇಟ್ ಹೇಳ್ತೀರಿ.”

ಮನೆಗೆ ಬಂದಾಗ ಮಗಳು ಮೆಟ್ಟಿಲ ಮೇಲೆ ಕೂತು ಶೇಂಗಾ ಸುಲಿಯುತ್ತಿದ್ದಳು. ಬ್ಯಾಗ್ ಒಳಗಿಟ್ಟು ಬಂದು ಪಕ್ಕದಲ್ಲಿ ಕೂತೆ.

“ನಿಮ್ಮ ಕಡಿ ಇವತ್ತು ಯಾವ ದಿನ?”

ಇದರಲ್ಲಿ ಏನೋ ಮಸಲತ್ತು ಇದೆ ಎನ್ನುವಂತೆ ನನ್ನ ಮುಖ ನೋಡಿದಳು. “ಎಂಟನೇದು.”

ನಾನೂ ಒಂದು ಹಿಡಿ ಶೇಂಗಾ ತೆಗೆದುಕೊಂಡು ಸುಲಿಯತೊಡಗಿದೆ. ವ್ಯಾಪಾರದಲ್ಲಿ ಸುಮ್ಮನಿರುವುದು ಗೊತ್ತಿದ್ದವನೇ, ಆದರೂ ಇಷ್ಟು ಕಷ್ಟವೆನಿಸಿರಲಿಲ್ಲ.

“ನಾಳಿ ಒಂಬತ್ತನೇದು,” ಎಂದಳು ಸ್ವಲ್ಪ ಹೊತ್ತಿಗೆ. “ಅವತ್ತು ಯಾರೂ ಏನೂ ಮಾರಂಗಿಲ್ಲ. ಎಲ್ಲಾರೂ ಮನಿಯಾಗ ಇರ್ತಾರ.”

ಎಂಟಕ್ಕೆ ಮುಗಿಸು ಎಂದು ನಾನು ಕತ್ತರಿಸಲು ಹೊರಟದ್ದು ಈ ದಿನವನ್ನು.

“ನಾ ಬರಬೌದೇನು?”

“ಬರಬೌದು. ಸಾಲಿಯಿಂದ ನಾ ಬಂದಮ್ಯಾಲ. ಸ್ಯಾಂಪಲ್ ಬ್ಯಾಗ್ ತರಂಗಿಲ್ಲ.”

“ಆತು,” ಎಂದೆ. ಹೇಳಿದ ರೇಟಿಗೆ ನಾನು ಒಪ್ಪಿದ್ದು ಅದೇ ಮೊದಲು. ಅಷ್ಟಕ್ಕೇ ನಿಲ್ಲಿಸಬೇಕಿತ್ತು, ಆದರೆ ಕೇಳಿಯೇಬಿಟ್ಟೆ: “ಮಾಮನೂ ಬರ್ತಾನೇನು?”

“ಮಾಮ ಬರೋದು ಭಾನುವಾರ. ನಮ್ಮಲ್ಲಿ ಭಾನುವಾರ ಇಲ್ಲಲ್ಲ.”

ಒಳಗೊಳಗೇ ಎಷ್ಟು ಖುಷಿಯಾಯಿತೆಂದು ಹೇಳಲು ಈಗಲೂ ನಾಚಿಕೆ. ಅಲ್ಲೇ ಕೂತು ಸಿರುಗುಪ್ಪದ ಗಿರಣಿಯವರಿಗೆ ಫೋನ್ ಮಾಡಿ, ನಾಳಿ ಸಂಜಿ ಬರಂಗಿಲ್ಲ, ನಮ್ಮಲ್ಲಿ ಸೂಟಿ ಎಂದೆ.

“ನಾಳಿ ಯಾವ ಹಬ್ಬರಿ? ನೀವು ಕೊಟ್ಟ ಕ್ಯಾಲೆಂಡರಿನಾಗ ಏನೂ ಇಲ್ಲಲ್ಲ,” ಎಂದರು.

ಮಗಳ ಕಡೆ ನೋಡಿದೆ. ಹೇಳಬೇಡ ಎಂದು ತಲೆ ಅಲ್ಲಾಡಿಸಿದಳು. ಹೇಳಲಿಲ್ಲ.